ಮೊದಲ ಅವರೆಕಾಳು

ಅವರೆ ಹೂ ಬಿಟ್ಟ ದಿನದಿಂದ ಗ್ರೇಕಾಳಿಗೆ ತುತ್ತು ಗಂಟಲಲ್ಲಿ ಇಳಿಯುತ್ತಿರಲಿಲ್ಲ. ಹೆಬ್ಬೆರಳ ಗಾತ್ರದ ಕಾಳು ಕಟ್ಟುವ ಫಾವಾ ಅವರೆ. ಹಿತ್ತಲ ಬೇಲಿಯ ಪಕ್ಕ ಅತ್ತೆ ಬನ್ನೆಡ್ಡಾ ಕೈಯಾರೆ ಊರಿ ಬೆಳೆಸಿದ್ದು. ಬಿಳಿ ಹೂವು, ಎಸಳಿನ ಮೇಲೆ ಮಸಿ ತಾಗಿದ ಹಾಗೆ ಕಪ್ಪು ಚುಕ್ಕೆ. ಸಂಜೆ ಅದರ ಘಮ ಅಂಗಳಕ್ಕೆ ತೇಲಿ ಬಂತೆಂದರೆ ಗ್ರೇಕಾ ಐದು ವರ್ಷದ ಮಗ ಎಫೀಸನನ್ನು ಒಳಗೆ ಕರೆದು ಬಾಗಿಲು ಹಾಕಿಬಿಡುತ್ತಿದ್ದಳು.

"ಇಷ್ಟು ಬೇಗ ಯಾಕಮ್ಮಾ?" ಎಂದು ಅವನು ಕೇಳಿದರೆ, "ಇಬ್ಬನಿ ಬೀಳುತ್ತೆ" ಎನ್ನುತ್ತಿದ್ದಳು.

ಹಿಂದಿನ ನಾಲ್ಕು ವಸಂತಗಳನ್ನು ಹೇಗೋ ದಾಟಿಸಿದ್ದಾಯಿತು. ಹೂ ಕಾಣಿಸುತ್ತಿದ್ದಂತೆ "ಅಮ್ಮನಿಗೆ ಮೈ ಸರಿಯಿಲ್ಲ" ಎಂದು ಮಗನನ್ನು ಸೊಂಟಕ್ಕೇರಿಸಿಕೊಂಡು ಜೌಗಿನಂಚಿನ ತವರಿಗೆ ಹೊರಟುಬಿಡುತ್ತಿದ್ದಳು. ಕಾಳು ಬಲಿತು ಒಣಗಿದ ಮೇಲೆ ವಾಪಸು. ಚಳಿಗಾಲದಲ್ಲಿ ಒಣಕಾಳು ಬೇಯಿಸಿದ ದಿನ ಮಗನ ತಟ್ಟೆಗೆ ತಾನೇ ಬಡಿಸಿ, ಕಾಳೆಲ್ಲ ತನ್ನ ಕಡೆ ಎಳೆದುಕೊಳ್ಳುತ್ತಿದ್ದಳು. ಈ ಸಲ ಕ್ರಿಸ್ಮಸ್ ಕಳೆದ ವಾರವೇ ಅಮ್ಮ ತೀರಿಕೊಂಡಳು. ತವರಿನ ಬಾಗಿಲಿಗೆ ಬೀಗ ಬಿತ್ತು. ಸುಳ್ಳು ಹೇಳುವುದಕ್ಕೂ ಒಂದು ಮನೆ ಬೇಕಾಗುತ್ತದೆ ಎಂದು ಗ್ರೇಕಾಳಿಗೆ ಆಗಲೇ ಗೊತ್ತಾದದ್ದು.

ಸುಳ್ಳು ಹಳೆಯದು. ಗ್ರೇಕಾಳ ತಮ್ಮ ಲುಸ್ಸೋರಿಯೊ ನಾಲ್ಕು ವರ್ಷದವನಿದ್ದಾಗ ಏಪ್ರಿಲಿನ ಒಂದು ದಿನ ಹೊಲಕ್ಕೆ ನುಗ್ಗಿ ಹಸಿ ಅವರೆ ತಿಂದಿದ್ದ. ಮೂರನೆಯ ದಿನ ಅವನ ಹೆಣ ಎತ್ತಬೇಕಾಯಿತು. ಆ ತಗ್ಗು ಸೀಮೆಯಲ್ಲಿ ಅವರೆ ಆಗದ ಮನೆಗಳು ಅಲ್ಲೊಂದು ಇಲ್ಲೊಂದು ಇದ್ದವು. ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ. ಗ್ರೇಕಾಳಿಗೆ ಸಂಬಂಧ ತಂದ ಮುದುಕಿಯೂ ಮುಚ್ಚಿಡಿ ಎಂದೇ ಹೇಳಿದ್ದಳು: "ರಕ್ತ ಕೆಟ್ಟ ಮನೆ ಅಂತ ಗೊತ್ತಾದ್ರೆ ಯಾರೇ ಹೆಣ್ಣು ಕೇಳ್ತಾರೆ? ಜ್ವರ ಅನ್ನು. ಜೌಗು ಜ್ವರದಲ್ಲಿ ಹೋದೋರ ಬಗ್ಗೆ ಯಾರೂ ಎರಡನೇ ಮಾತು ಕೇಳಲ್ಲ."

ಹೆಣ್ಣು ನೋಡಲು ಬಂದವರಿಗೆ ಜ್ವರ ಎಂದೇ ಹೇಳಿದರು. ಆಗ ಬನ್ನೆಡ್ಡಾ ಎದ್ದು ಬಂದು ಗ್ರೇಕಾಳ ಅಮ್ಮನ ಎರಡೂ ಕೈ ಹಿಡಿದುಕೊಂಡು ಅತ್ತುಬಿಟ್ಟಿದ್ದಳು. ಆಕೆ ಬೆಟ್ಟದ ಹೆಣ್ಣು. ಮದುವೆಯಾಗಿ ತಗ್ಗಿಗೆ ಇಳಿದು ಬಂದು ನಾಲ್ಕು ಹೆತ್ತಳು. ಮೂವರನ್ನು ಜೌಗಿನ ಜ್ವರ ತಿಂದಿತು. ಉಳಿದವನು ಗ್ರೇಕಾಳ ಕೈಹಿಡಿದ ಸಿಸಿನ್ನಿಯೊ ಒಬ್ಬನೇ. "ಹಾಗಾದ್ರೆ ನಮ್ಮಿಬ್ಬರದೂ ಒಂದೇ ಸಂಕಟ ಬಿಡವ್ವಾ" ಎಂದಿದ್ದಳು. ಅಂದಿನಿಂದ ಪ್ರತಿ ವರ್ಷ ಸತ್ತವರ ಹಬ್ಬದಲ್ಲಿ ಆಕೆ ಹಚ್ಚುವ ಮೇಣದಬತ್ತಿ ಮೂರಲ್ಲ, ನಾಲ್ಕು. ನಾಲ್ಕನೆಯದು ಲುಸ್ಸೋರಿಯೊನದು. ಅದು ಉರಿಯುವುದನ್ನು ನೋಡಲಾಗದೆ ಗ್ರೇಕಾ ಪ್ರತಿ ವರ್ಷ ತಲೆ ತಗ್ಗಿಸಿ ನಿಲ್ಲುತ್ತಿದ್ದಳು. ಒಳ್ಳೆಯ ಸೊಸೆ, ತಮ್ಮನನ್ನು ನೆನೆದು ಕಣ್ಣೀರಿಡುತ್ತಾಳೆ ಎಂದು ಊರವರು ಮೆಚ್ಚಿಕೊಳ್ಳುತ್ತಿದ್ದರು.

ಹೇಳಿಬಿಡಬೇಕು ಎಂದು ಈ ವಸಂತದಲ್ಲಿ ದಿನಕ್ಕೆ ಹತ್ತು ಸಲ ಅಂದುಕೊಂಡಳು. ಹಿಟ್ಟು ನಾದುವಾಗ ಮಾತು ಜೋಡಿಸಿಕೊಳ್ಳುವಳು. ಅತ್ತೆ ಎದುರು ಬಂದರೆ ಮಾತೆಲ್ಲ ಹಿಟ್ಟಿನ ಮುದ್ದೆಯಂತೆ ಬಾಯಿಗೆ ಮೆತ್ತಿಕೊಳ್ಳುವುದು. ಬನ್ನೆಡ್ಡಾ ಕೆಟ್ಟ ಅತ್ತೆಯಾಗಿದ್ದರೆ ಹೇಳುವುದು ಸುಲಭವಿತ್ತೇನೋ.

ಆ ದಿನ ರೊಟ್ಟಿ ಸುಡುವ ದಿನ. ಗ್ರೇಕಾ ಅಂಗಳದ ಒಲೆಯ ಮುಂದೆ ಬೆವರುತ್ತಿದ್ದಳು. ಪಕ್ಕದ ಮನೆಯ ವಿತ್ತೋರಿಯಾ ತನ್ನ ಹಿಟ್ಟಿನ ಬುಟ್ಟಿ ಹಿಡಿದು ಸರದಿಗೆ ಕಾದು ಕೂತಿದ್ದಳು. ಬನ್ನೆಡ್ಡಾ ಹಿತ್ತಲಿಂದ ಬಂದಳು. ಮಡಿಲಲ್ಲಿ ಎಳೆ ಅವರೆಕಾಯಿ, ಹಿಂದೆ ಎಫೀಸ್.

"ನಾಲ್ಕು ವರ್ಷದಿಂದ ಕಾದಿದ್ದೀನಿ" ಎಂದು ಆಕೆ ಕಲ್ಲಿನ ಮೇಲೆ ಕೂತು ಮೊಮ್ಮಗನನ್ನು ತೊಡೆಗೆ ಎಳೆದುಕೊಂಡಳು. "ನಮ್ಮ ಬೆಟ್ಟದ ಕಡೆ ವರ್ಷದ ಮೊದಲ ಕಾಳು ಮನೇಲಿ ಎಲ್ಲರಿಗಿಂತ ದೊಡ್ಡೋರು ಬಿಡಿಸಿ ಎಲ್ಲರಿಗಿಂತ ಚಿಕ್ಕೋರ ಬಾಯಿಗೆ ಹಾಕ್ಬೇಕು. ಆಮೇಲೇ ಉಳಿದೋರು ತಿನ್ನೋದು. ಇವನು ಪ್ರತಿ ಸಲ ತಪ್ಪಿಸ್ಕೊಂಡ ಕಳ್ಳ."

ವಿತ್ತೋರಿಯಾ ನಕ್ಕಳು. "ಬನ್ನೆಡ್ಡಾ ಚಿಕ್ಕಮ್ಮಾ, ನೀವು ಬೆಟ್ಟದ ಆಡುಗಳು, ಮುಳ್ಳಾದ್ರೂ ಅರಗಿಸ್ಕೋತೀರಿ. ನಮ್ಮ ತಗ್ಗಲ್ಲಿ ಕೆಲವರಿಗೆ ಹಸಿ ಅವರೆ ಆಗಲ್ಲಪ್ಪ. ನಿಮ್ಮ ಸೊಸೆ ತವರಿನ ಕಡೆ ಅಂತೂ..."

"ಏಯ್, ಜೌಗಿನ ಕಪ್ಪೆ! ನಾಲಗೆ ಬಿಗಿ ಹಿಡಿ." ಬನ್ನೆಡ್ಡಾಳ ದನಿ ನಗುವಿನಲ್ಲೇ ಶುರುವಾಗಿ ಗಡುಸಾಯಿತು. "ನಮ್ಮ ಗ್ರೇಕಾ ಮನೇಲಿ ಅಂಥದ್ದೇನಿಲ್ಲ. ಅವಳ ತಮ್ಮನ್ನ ತಗೊಂಡು ಹೋಗಿದ್ದು ಜ್ವರ, ನನ್ನ ಮಕ್ಕಳ ಥರಾನೇ. ಸತ್ತ ಕೂಸಿನ ಮೇಲೆ ಸುಳ್ಳು ಹೊರಿಸ್ಬೇಡ. ಅಲ್ವೇನೇ ಗ್ರೇಕಾ?"

ಗ್ರೇಕಾ ರೊಟ್ಟಿಯ ಹಲಗೆ ಹಿಡಿದು ನಿಂತಿದ್ದಳು. ಒಲೆಯ ಕಾವು ಮುಖಕ್ಕೆ ರಾಚುತ್ತಿತ್ತು. ಈಗ ಒಂದು ಮಾತು ಸಾಕು ಎಂದು ಆಕೆಗೆ ತಿಳಿದಿತ್ತು. ಆ ಒಂದು ಮಾತು ಅತ್ತೆಯನ್ನು ನೆರೆಯವಳ ಎದುರು ಮೂರ್ಖಳನ್ನಾಗಿ ಮಾಡುತ್ತದೆ ಎನ್ನುವುದೂ ತಿಳಿದಿತ್ತು.

"ಹೌದು ಅತ್ತೆ" ಎಂದಳು.

ಬನ್ನೆಡ್ಡಾ ಕಾಯಿ ಸೀಳಿ, ಹಸಿರು ಕಾಳನ್ನು ಎಫೀಸನ ನಾಲಗೆಯ ಮೇಲಿಟ್ಟಳು. ಅವನು ಮುಖ ಹಿಂಡಿದ, ಅಗಿದ, ಇನ್ನೊಂದಕ್ಕೆ ಬಾಯಿ ತೆರೆದ. "ನೋಡು, ನನ್ನ ರಕ್ತ!" ಎಂದು ಆಕೆ ಹಿಗ್ಗಿದಳು. ಒಂದು ಹಿಡಿ ಕಾಳು, ಜೊತೆಗೆ ಕುರಿಹಾಲಿನ ಗಿಣ್ಣಿನ ಚೂರು. ಒಂದು ಹಿಡಿಗೆ ಏನಾದೀತು, ಅಪ್ಪನ ಕಡೆಯ ರಕ್ತವೇ ಬಂದಿರಬಹುದಲ್ಲ ಎಂದುಕೊಂಡು ಗ್ರೇಕಾ ಒಲೆಯ ಕಡೆ ತಿರುಗಿದಳು. ಆ ದಿನ ಎರಡು ರೊಟ್ಟಿ ಸೀದುಹೋದವು.

ಮಾರನೆಯ ದಿನ ಹುಡುಗ ಬೇಲಿ ಹಾರಿ ಕುಣಿದ. ಗ್ರೇಕಾ ಗುಟ್ಟಾಗಿ ಚರ್ಚಿಗೆ ಹೋಗಿ ಮೊಣಕಾಲೂರಿ ಬಂದಳು. ಅದರ ಮರುದಿನ ಬೆಳಿಗ್ಗೆ ಮಗನ ಮೂತ್ರದ ಬೋಗುಣಿ ಎತ್ತಿದವಳು ಅದನ್ನು ಬಾಗಿಲ ಬೆಳಕಿಗೆ ಹಿಡಿದಳು. ಹಳೆಯ ದ್ರಾಕ್ಷಾರಸದಂತೆ ಕಪ್ಪುಗೆಂಪು. ಎಫೀಸನ ತುಟಿಯಲ್ಲಿ ಬಣ್ಣವಿರಲಿಲ್ಲ. ಕಣ್ಣು ನಿಂಬೆ ಸಿಪ್ಪೆಯಂತೆ ಹಳದಿಯಾಗಿತ್ತು.

ಬನ್ನೆಡ್ಡಾ ಅವನ ಹಣೆ ಮುಟ್ಟಿ ನೋಡಿದಳು. "ಬಂತಲ್ಲೋ ದೇವರೇ! ಮತ್ತೆ ಬಂತಲ್ಲೋ!" ಎಂದು ಕೂಗಿದವಳು ಪೆಟ್ಟಿಗೆಯ ತಳದಿಂದ ತಗಡಿನ ಡಬ್ಬಿಯೊಂದನ್ನು ತೆಗೆದಳು. ಹದಿನೈದು ವರ್ಷದ ಹಿಂದಿನ ಕ್ವಿನೀನ್ ಮಾತ್ರೆಗಳು. ಸರ್ಕಾರದವರು ಮನೆ ಮನೆಗೆ ನುಗ್ಗಿ ಸೊಳ್ಳೆ ಮದ್ದು ಹೊಡೆದು, ಗೋಡೆಯ ಮೇಲೆ ತಾರೀಕು ಬರೆದು, ಜ್ವರ ಮುಗಿಯಿತು ಎಂದು ಸಾರಿ ಹೋದ ಮೇಲೂ ಆಕೆ ನಂಬದೆ ಬಚ್ಚಿಟ್ಟಿದ್ದು. "ಬಾಯಿ ತೆಗೆಸೇ ಗ್ರೇಕಾ. ಆಗ ಮೂರು ಸಲ ನನ್ನ ಕೈ ತಡವಾಯ್ತು. ಈ ಸಲ ಬಿಡಲ್ಲ. ಜ್ವರ ಬೆವರಿ ಇಳೀಲಿ, ಮಧ್ಯಾಹ್ನ ನೋಡೋಣ."

"ಜ್ವರ ಅಲ್ಲ ಅತ್ತೆ."

"ನಿನಗೇನೇ ಗೊತ್ತು? ಹಿಡ್ಕೋ ಅವನ್ನ."

"ಜ್ವರ ಅಲ್ಲ! ಅವರೆ. ನಮ್ಮ ಲುಸ್ಸೋರಿಯೊಗೂ..." ಗ್ರೇಕಾ ಮಗನನ್ನು ತನ್ನ ಕಡೆ ಎಳೆದುಕೊಂಡಳು. "ಅವನಿಗೂ ಆಗ ಜ್ವರ ಆಗಿರ್ಲಿಲ್ಲ ಅತ್ತೆ. ನಾವು ಸುಳ್ಳು ಹೇಳಿದ್ವಿ."

ಬಾಗಿಲಲ್ಲಿ ನಿಂತಿದ್ದ ಸಿಸಿನ್ನಿಯೊ ಒಂದು ಕ್ಷಣ ಹೆಂಡತಿಯ ಮುಖ ನೋಡಿದ. ಮಗನನ್ನು ಕಂಬಳಿಯಲ್ಲಿ ಸುತ್ತಿಕೊಂಡು ರಸ್ತೆಗೆ ಓಡಿದ. ಮೀನಿನ ಲಾರಿಯೊಂದು ಅವರನ್ನು ಪಟ್ಟಣಕ್ಕೆ ಒಯ್ದಿತು. ಲಾರಿಯ ಹಿಂದೆ ಖಾಲಿ ಬುಟ್ಟಿಗಳ ನಡುವೆ ಅತ್ತೆ ಸೊಸೆ ಎದುರುಬದುರು ಕೂತಿದ್ದರು. ಬನ್ನೆಡ್ಡಾಳ ಮುಷ್ಟಿಯಲ್ಲಿ ಡಬ್ಬಿ ಹಾಗೆಯೇ ಇತ್ತು. ಗುಂಡಿ ಬಂದಾಗಲೆಲ್ಲ ಮಾತ್ರೆಗಳು ಗಲಗಲ ಎನ್ನುತ್ತಿದ್ದವು.

ಆಸ್ಪತ್ರೆಯಲ್ಲಿ ಸಿಸಿನ್ನಿಯೊನ ರಕ್ತ ತೆಗೆದು ಮಗನಿಗೆ ಹಾಕಿದರು. ಎರಡನೆಯ ಸಂಜೆ ಹುಡುಗ ನೀರು ಕೇಳಿದ. ಎಳೆಯ ಡಾಕ್ಟರೊಬ್ಬ ಹೊರಗೆ ಬಂದು ಬೆಂಚಿನ ಮೇಲೆ ಅತ್ತೆ ಸೊಸೆಯರ ಪಕ್ಕದಲ್ಲೇ ಕೂತ.

"ಉಳಿದ. ಜ್ವರ ಅಂತ ಅರ್ಧ ದಿನ ಕಾದಿದ್ರೆ ನನ್ನ ಕೈಲಿ ಏನೂ ಆಗ್ತಿರ್ಲಿಲ್ಲ. ಇನ್ಮೇಲೆ ಅವರೆ ಅವನ ಹತ್ತಿರ ಸುಳೀಬಾರ್ದು. ಇದು ತಾಯಿ ಕಡೆಯಿಂದ ಗಂಡುಮಕ್ಕಳಿಗೆ ಬರೋದು."

"ಕೆಟ್ಟ ರಕ್ತ" ಎಂದಳು ಗ್ರೇಕಾ, ನೆಲ ನೋಡುತ್ತ.

"ಹಾಗನ್ನಬೇಡಿ. ಈ ರಕ್ತ ಬೆಟ್ಟದೋರಲ್ಲಿ ಅಪರೂಪ, ಜೌಗಿನ ಸುತ್ತ ಮಾತ್ರ ಇಷ್ಟೊಂದು ಯಾಕಿದೆ? ಜೌಗು ಜ್ವರ ಇಂಥವರನ್ನ ಅಷ್ಟು ಸುಲಭವಾಗಿ ಕೊಲ್ತಿರ್ಲಿಲ್ಲ ಅಂತ ಈಗೀಗ ಕೆಲವರು ಹೇಳ್ತಿದ್ದಾರೆ. ತಲೆತಲಾಂತರ ಜ್ವರ ಆರಿಸಿ ಉಳಿಸಿದ ರಕ್ತ ಇದು. ಒಂದು ಥರ ಗುರಾಣಿ. ಈಗ ಯುದ್ಧ ಮುಗೀತು, ಗುರಾಣಿಯ ಭಾರ ಉಳೀತು."

ಗ್ರೇಕಾ ಅತ್ತೆಯ ಬೈಗುಳಕ್ಕೆ ಕಾದಿದ್ದಳು. ಬೈದಿದ್ದರೆ ಎದೆ ಹಗುರಾಗುತ್ತಿತ್ತು. ಬನ್ನೆಡ್ಡಾ ಡಾಕ್ಟರ ಕಡೆ ತಿರುಗಿ ಕೇಳಿದ್ದು ಬೇರೆಯದೇ.

"ನನ್ನ ಮೂವರಿಗೆ ಈ ರಕ್ತ ಇದ್ದಿದ್ರೆ ಸ್ವಾಮಿ?"

ಡಾಕ್ಟರ್ ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿದ. "ಹೇಳೋಕಾಗಲ್ಲ ತಾಯಿ. ಒಬ್ಬರಾದ್ರೂ ಉಳೀತಿದ್ರೇನೋ."

ಆಕೆ ತಲೆಯಾಡಿಸಿದಳು. ಮಾತ್ರೆಯ ಡಬ್ಬಿಯನ್ನು ಬೆಂಚಿನ ಮೇಲಿಟ್ಟಳು. ಹೊರಡುವಾಗ ಅದನ್ನು ಎತ್ತಿಕೊಳ್ಳಲಿಲ್ಲ.

ಊರಿಗೆ ಬಂದ ದಿನವೇ ಬನ್ನೆಡ್ಡಾ ಹಿತ್ತಲ ಅವರೆಗಿಡಗಳನ್ನು ಬೇರುಸಹಿತ ಕಿತ್ತು ಕತ್ತೆಗೆ ಹಾಕಿದಳು. ಗ್ರೇಕಾ ಸಹಾಯಕ್ಕೆ ಹೋದಾಗ, "ನೀನು ಮಗು ಹತ್ತಿರ ಇರು" ಎಂದಳು, ಅಷ್ಟೇ. ಆ ಮಾತಿನಲ್ಲಿ ಕೊಂಕಿರಲಿಲ್ಲ. ಬೇರೆ ಏನಾದರೂ ಇದೆಯೇ ಎಂದು ಗ್ರೇಕಾ ಆ ಇಡೀ ಬೇಸಿಗೆ ಹುಡುಕಿದಳು. "ಅತ್ತೆ, ಆವತ್ತು ನಾನು..." ಎಂದು ಎರಡು ಮೂರು ಸಲ ಶುರುಮಾಡಿದಳು. ಪ್ರತಿ ಸಲ ಬನ್ನೆಡ್ಡಾ, "ಹಾಲು ಉಕ್ಕೀತು ನೋಡೇ" ಎಂದೋ, "ಕೋಳಿ ಒಳಗೆ ಬಂತು" ಎಂದೋ ಎದ್ದುಬಿಡುತ್ತಿದ್ದಳು.

ನವೆಂಬರಿನಲ್ಲಿ ಸತ್ತವರ ಹಬ್ಬ ಬಂತು. ಮೇಣದಬತ್ತಿ ಈ ಸಲವೂ ನಾಲ್ಕೇ ಇದ್ದವು. ಬನ್ನೆಡ್ಡಾ ಮೂರನ್ನು ಹಚ್ಚಿ, ನಾಲ್ಕನೆಯದನ್ನು ಸೊಸೆಯ ಕೈಗೆ ಕೊಟ್ಟು ಪಕ್ಕಕ್ಕೆ ಸರಿದು ನಿಂತಳು.

ಮನೆಗೆ ಬಂದಾಗ ಎಫೀಸ್ ಓಡಿ ಬಂದು ಅಜ್ಜಿಯ ಮಡಿಲಿಗೆ ಕೈ ಹಾಕಿದ. ಒಣ ಅಂಜೂರವಿತ್ತು. "ಹಾಕಜ್ಜಿ, ಬಾಯಿಗೆ ಹಾಕು" ಎಂದು ಬಾಯಿ ತೆರೆದು ನಿಂತ. ಬನ್ನೆಡ್ಡಾ ಹಣ್ಣನ್ನು ಬಿಡಿಸಿದಳು. ಕೈ ಅವನ ತುಟಿಯವರೆಗೆ ಹೋಗಿ ನಿಂತಿತು.

"ಗ್ರೇಕಾ, ಇದನ್ನ ಕೊಡಬಹುದೇನೇ?"

"ಅಂಜೂರ ಅಲ್ವಾ ಅತ್ತೆ, ಕೊಡಿ."

ಕೊಟ್ಟಳು. ಮರುದಿನ ಬಾದಾಮಿಗೂ ಕೇಳಿದಳು. ಅದರ ಮರುದಿನ ಬರಿಯ ರೊಟ್ಟಿಯ ತುಂಡು ಹಿಡಿದು ಅಡಿಗೆಮನೆಯ ಬಾಗಿಲಲ್ಲಿ ನಿಂತು, ಅದೇ ಮೆತ್ತನೆಯ ದನಿಯಲ್ಲಿ ಕೇಳಿದಳು. ಗ್ರೇಕಾ ಹಿಟ್ಟಿನ ಕೈಯಲ್ಲೇ ಕಣ್ಣೊರೆಸಿಕೊಂಡು, "ಕೊಡಿ ಅತ್ತೆ" ಎಂದಳು.