ಬ್ರೇಮನ್ ಮನೆಯ ಬಿತ್ತನೆ ಜೋಳ

ಬ್ರೇಮನ್ ಮನೆಯ ಅಡಿಗೆಮನೆಯಲ್ಲಿ ಒಲೆ ಒಂದೇ, ಕಾವಲಿ ಒಂದೇ. ಹಿಟ್ಟು ಕಲಸುವ ಬೋಗುಣಿಗಳು ಮಾತ್ರ ಎರಡು. ಒಂದು ಮನೆಯ ಒಡತಿ ಆಲ್ಮೈರಾಳದು, ಮತ್ತೊಂದು ಅವಳ ತೀರಿಕೊಂಡ ಅಣ್ಣನ ಹೆಂಡತಿ ಹೆಟ್ಟಿಯದು. ಅಣ್ಣನನ್ನು ಮಣ್ಣು ಮಾಡಿ ಬಂದ ದಿನದಿಂದ ಈ ಅತ್ತಿಗೆ ನಾದಿನಿಯರು ಒಂದೇ ಸೂರಿನಡಿ ಮುದುಕಿಯರಾಗುತ್ತ ಬಂದಿದ್ದರು. ಒಬ್ಬಳ ಬೋಗುಣಿಯನ್ನು ಇನ್ನೊಬ್ಬಳು ಒಮ್ಮೆಯೂ ಮುಟ್ಟಿದವಳಲ್ಲ.

ಆಲ್ಮೈರಾ ಮುಸುಕಿನ ಜೋಳದ ಹಿಟ್ಟಿಗೆ ಕುದಿಯುವ ನೀರನ್ನೇ ಸುರಿದು, ಹಿಟ್ಟು ಅರಳುವವರೆಗೆ ಮುಚ್ಚಿಟ್ಟು, ಹಂದಿಯ ಕೊಬ್ಬು ಸವರಿದ ಕಾವಲಿಯ ಮೇಲೆ ಜಾನಿಕೇಕು ಎಂಬ ದಪ್ಪನೆಯ ರೊಟ್ಟಿಗಳನ್ನು ತಾಳ್ಮೆಯಿಂದ ಬೇಯಿಸುವವಳು. ರೋಡ್ ಐಲೆಂಡಿನ ಕೊಲ್ಲಿಯ ಪಶ್ಚಿಮ ದಡದ ಸೌತ್ ಕೌಂಟಿಯಲ್ಲಿ ಅದೇ ಧರ್ಮ. ಹೆಟ್ಟಿ ಹುಟ್ಟಿದ್ದು ಆಚೆ ದಡದ ಲಿಟ್ಲ್ ಕಾಂಪ್ಟನ್ನಿನಲ್ಲಿ. ಅಲ್ಲಿಯವರು ತಣ್ಣನೆಯ ಹಾಲಿನಲ್ಲಿ ಹಿಟ್ಟನ್ನು ನೀರಾಗಿ ಕದಡಿ, ಅಂಚು ಜಾಲರಿಯಂತೆ ಗರಿಗಟ್ಟುವ ಹಾಗೆ ತೆಳ್ಳಗೆ ಹುಯ್ಯುತ್ತಾರೆ. ಈಚೆಯವರದು ಇಟ್ಟಿಗೆ ಎಂದು ಆಚೆಯವರು ಹೀಗಳೆದರೆ, ಆಚೆಯವರದು ಒದ್ದೆ ಕಾಗದ ಎಂದು ಈಚೆಯವರು ಮೂಗು ಮುರಿಯುತ್ತಿದ್ದರು. ರೋಡ್ ಐಲೆಂಡಿನಲ್ಲಿ ಈ ಜಗಳ ತಲೆಮಾರುಗಳಷ್ಟು ಹಳೆಯದು. ಇದರಲ್ಲಿ ನಕ್ಕು ಸುಮ್ಮನಾದವರು ಕಡಿಮೆ.

ಆದರೆ ಎರಡೂ ದಡದವರು ಒಪ್ಪಿದ್ದ ಸಂಗತಿ ಒಂದಿತ್ತು. ಹಿಟ್ಟು ಹಳೆಯ ಬಿಳಿ ಗಟ್ಟಿಜೋಳದ್ದೇ ಆಗಬೇಕು. ತೆನೆಗೆ ಎಂಟೇ ಸಾಲು, ಕಾಳು ಹಲ್ಲಿನಷ್ಟು ಗಡುಸು. ಸೌತ್ ಕೌಂಟಿಯ ಒಕ್ಕಲುಗಳು ಹಾಲು ಮಾರುವ ಆಸೆಗೆ ಬಿದ್ದು, ಹಸುಗಳಿಗೆ ಹಾಕುವ ಹಳದಿ ಜೋಳಕ್ಕೆ ತಿರುಗಿ ಬಹಳ ಕಾಲವಾಗಿತ್ತು. ಹಳೆಯ ಬಿತ್ತನೆಯನ್ನು ಕೆಡದಂತೆ ಕಾಪಾಡಿಕೊಂಡು ಬಂದವಳು ಆಲ್ಮೈರಾ. ಆ ಹೊಲವೇ ಅವಳ ಹೆಮ್ಮೆ, ಆ ತೆನೆಯೇ ಅವಳ ವಂಶ. ಮದುವೆಯಾಗದ ಆಕೆಗೆ ಬೇರೆ ವಂಶವಿರಲಿಲ್ಲ.

ಅದನ್ನು ಕೆಡಿಸಿದವಳು ಹೆಟ್ಟಿ. ಹೋದ ವಸಂತದಲ್ಲಿ ಅವಳು ಹೊಲದ ನೈಋತ್ಯದ ಅಂಚಿಗೆ, ಬೇಸಿಗೆಯಿಡೀ ಗಾಳಿ ಬೀಸುವ ದಿಕ್ಕಿಗೇ, ಎರಡು ಸಾಲು ಸಿಹಿಜೋಳ ಹಾಕಿದಳು. ತನ್ನ ಹಲ್ಲಿಲ್ಲದ ಬಾಯಿಗೆ ಎಳೆ ತೆನೆ ಬೇಕೆಂಬುದು ಅವಳ ಸಬೂಬು. ಅದರ ಸೂಲಂಗಿಯ ಪರಾಗದ ಹುಡಿ ಗಾಳಿಗೆ ಹಾರಿ ಬಿಳಿ ಜೋಳದ ಮೇಲೆ ಬಿತ್ತು. ಅಕ್ಟೋಬರಿನಲ್ಲಿ ಸಿಪ್ಪೆ ಸುಲಿದಾಗ ಬಿಳಿಯ ತೆನೆಗಳಲ್ಲಿ ಹಳದಿ ಕಾಳು, ಸುಕ್ಕುಗಟ್ಟಿದ ಕಾಳು, ಎಲ್ಲವೂ ಕಲಬೆರಕೆಯಾಗಿ ನಿಂತಿದ್ದವು. ಬಿಳಿಯಾಗಿ ಕಂಡ ಕಾಳಿನ ಒಳಗೂ ಆ ಬೆರಕೆ ಇದ್ದೀತೆಂದು ಜೋಳ ಬೆಳೆದವರಿಗೆ ಗೊತ್ತು. ಒಂದೇ ಬೇಸಿಗೆಯಲ್ಲಿ ಬ್ರೇಮನ್ ಬಿತ್ತನೆ ನಿರ್ನಾಮವಾಯಿತು.

"ಬೇಕೂಂತಲೇ ಮಾಡಿದೆ," ಎಂದಿದ್ದಳು ಆಲ್ಮೈರಾ.

"ಗಾಳಿಗೆ ಬೇಲಿ ಹಾಕೋಕೆ ನಾನ್ಯಾರು?" ಎಂದು ಹೆಟ್ಟಿ ಎಳೆ ತೆನೆಯ ನೆನಪಿಗೆ ತುಟಿ ಚಪ್ಪರಿಸಿದ್ದಳು.

ಹೀಗಿರುವಾಗ ಸಾವಿರದ ಒಂಬೈನೂರ ಮೂವತ್ತಾರು ಬಂತು. ರೋಡ್ ಐಲೆಂಡಿಗೆ ಮುನ್ನೂರು ತುಂಬಿದ ವರ್ಷ. ಪ್ರತಿ ಮೇ ತಿಂಗಳ ಮೊದಲ ದಿನ ಊರಿನ ರೈತಭವನದಲ್ಲಿ ನಡೆಯುವ ಉಪಾಹಾರಕ್ಕೆ ಈ ಸಲ ರಾಜಧಾನಿ ಪ್ರಾವಿಡೆನ್ಸಿನಿಂದ ದೊಡ್ಡ ಅತಿಥಿಗಳು ಬರುವವರಿದ್ದರು. ರೈತಭವನದ ಯಜಮಾನಿ ಲೀಡಿಯಾ ನಾರ್ತಪ್ ಮನೆಗೇ ಬಂದು ಕಟ್ಟಪ್ಪಣೆಯೊಂದನ್ನು ತಿಳಿಸಿದಳು. ಮೊದಲ ವಲಸೆಗಾರರು ತಿಂದ ಜೋಳವನ್ನೇ ಅತಿಥಿಗಳಿಗೆ ಬಡಿಸಬೇಕು. ಹಳೆಯ ಬಿಳಿ ಜೋಳದ ಹಿಟ್ಟು ಯಾರಲ್ಲಿದೆಯೋ ಅವರೇ ಕಾವಲಿಯ ಮುಂದೆ ನಿಲ್ಲತಕ್ಕದ್ದು. ತಾಯಿಯ ಕೈಯಿಂದ ಆ ಕಾವಲಿಯನ್ನು ಪಡೆದಂದಿನಿಂದ ಅಲ್ಲಿ ನಿಂತವಳು ಆಲ್ಮೈರಾ ಒಬ್ಬಳೇ. ಅವಳು ಬಾಯಿ ತೆರೆಯುವ ಮೊದಲೇ, ಆಚೆ ದಡದ ತನ್ನ ತಮ್ಮ ಹಿಟ್ಟು ಕಳಿಸುತ್ತಾನೆಂದು ಹೆಟ್ಟಿ ಹೇಳಿಬಿಟ್ಟಳು. ಸೌತ್ ಕೌಂಟಿಯ ಕಾವಲಿಯ ಮೇಲೆ ಹಾಲಿನ ಜಾನಿಕೇಕು! ಆಲ್ಮೈರಾಳಿಗೆ ನೆಲ ಬಿರಿದಂತಾಯಿತು.

ಶುದ್ಧವಾದ ಬಿಳಿ ಜೋಳ ಈ ದಡದಲ್ಲಿ ಇನ್ನೊಂದು ಕಡೆ ಮಾತ್ರ ಇದೆಯೆಂಬುದು ಅವಳಿಗೆ ಗೊತ್ತಿತ್ತು. ಅಲ್ಲಿಗೆ ಹೋಗುವುದಕ್ಕಿಂತ ಹಲ್ಲು ಕೀಳಿಸಿಕೊಳ್ಳುವುದು ಮೇಲೆಂದು ಅವಳು ಆವರೆಗೆ ಎಣಿಸಿದ್ದಳು. ಆದರೂ ಹೋದಳು.

ಕಾಡಿನಂಚಿನ ಕಲ್ಲಿನ ಮನೆಯಲ್ಲಿ ಕೆಟ್ಯೂರಾ ಇದ್ದಳು. ಆ ನೆಲದ ಮೂಲನಿವಾಸಿಗಳಾದ ನ್ಯಾರಗ್ಯಾನ್ಸೆಟ್ ಕುಲದವಳು, ಆಲ್ಮೈರಾಳ ವಾರಿಗೆಯವಳು. ಅವಳ ಮನೆತನದ ಹೆಸರೂ ಬ್ರೇಮನ್ ಎಂದೇ. ಅವಳ ಅಜ್ಜಿಯ ಅಜ್ಜಿ ಬ್ರೇಮನ್ನರ ಅಡಿಗೆಮನೆಯಲ್ಲಿ ಜೀತಕ್ಕಿದ್ದಾಗ ಅಂಟಿದ ಹೆಸರದು. ಊರಿನಲ್ಲಿ ಎಲ್ಲರಿಗೂ ಗೊತ್ತಿದ್ದ, ಯಾರೂ ಆಡದ ಮಾತು.

ಕೆಟ್ಯೂರಾ ಒಳಗೆ ಕರೆಯಲಿಲ್ಲ. ಹೊಸ್ತಿಲಿನ ಮೇಲೆಯೇ ನಿಂತಳು. ಅವಳ ಬೆನ್ನ ಹಿಂದೆ, ಸಿಪ್ಪೆ ಹೆಣೆದು ತೊಲೆಗೆ ತೂಗಿದ ಜಡೆಗಳಲ್ಲಿ, ಎಂಟು ಸಾಲಿನ ಬಿಳಿಯ ತೆನೆಗಳು ಕಂಡವು.

"ನಿನ್ನ ಜೋಳ ಕೆಟ್ಟಿತಂತೆ," ಎಂದಳು ಕೆಟ್ಯೂರಾ.

"ಹಿಟ್ಟು ಬೇಕು. ಬಿತ್ತನೆಗೆ ಒಂದು ಜಡೆ ತೆನೆ ಬೇಕು. ಬೆಲೆ ಹೇಳು."

"ಮಾರೋಕಿಟ್ಟಿಲ್ಲ."

ಆಲ್ಮೈರಾ ಕೈಚೀಲವನ್ನು ತೆರೆದೇ ನಿಂತಿದ್ದಳು. ಕೆಟ್ಯೂರಾ ಅದನ್ನು ನೋಡಲೂ ಇಲ್ಲ. ಮುನ್ನೂರರ ಹಬ್ಬದ ಮೆರವಣಿಗೆಗೆ ತಲೆಗೆ ಗರಿ ಸಿಕ್ಕಿಸಿಕೊಂಡು ಬರಬೇಕೆಂದು ತನಗೂ ಕರೆ ಬಂದಿದೆಯೆಂದು ಅವಳು ತಣ್ಣಗೆ ತಿಳಿಸಿದಳು. ತಾನು ಹುಡುಗಿಯಾಗಿದ್ದಾಗ ಇದೇ ಸರ್ಕಾರ ನ್ಯಾರಗ್ಯಾನ್ಸೆಟ್ ಎಂಬ ಕುಲವೇ ಇನ್ನಿಲ್ಲವೆಂದು ಕಾನೂನು ಮಾಡಿ, ಉಳಿದಿದ್ದ ನೆಲವನ್ನು ಹರಾಜಿಗಿಟ್ಟಿತ್ತು. ಇಲ್ಲದವರಿಗೆ ಕರೆ ಕಳಿಸುವ ವಿದ್ಯೆ ಅದು ಯಾವಾಗ ಕಲಿತಿತೋ ಎಂದಳು.

"ನೀನು ಪೂಜೆ ಮಾಡ್ತಿದ್ಯಲ್ಲ, ಆ ಹೊಲ. ನಿಮ್ಮಪ್ಪ ಹರಾಜಲ್ಲಿ ಹಿಡಿದಾಗ ನಮ್ಮಜ್ಜಿ ಬಿತ್ತಿದ ಜೋಳ ಮೊಳಕಾಲೆತ್ತರ ನಿಂತಿತ್ತು. ಕೊಯ್ದಿದ್ದು ನೀವು."

"ನಮ್ಮಪ್ಪ ದುಡ್ಡು ಕೊಟ್ಟು ತಗೊಂಡ."

"ಯಾರಿಗೆ ಕೊಟ್ಟ?"

ಆ ಶರತ್ಕಾಲದಲ್ಲಿ ಕಣಜದ ನೆಲದ ಮೇಲೆ ಕುಳಿತು ತೆನೆ ಸುಲಿದ ಹುಡುಗಿ ಆಲ್ಮೈರಾಳೇ. ಇದು ಯಾರು ಬಿತ್ತಿದ್ದೆಂದು ಆಗ ಅವಳು ಕೇಳಿದ್ದಳು. ಕೈ ಆಡಲಿ, ಬಾಯಲ್ಲ ಎಂದು ಅಪ್ಪ ಗದರಿದ್ದ. ನೆಂಟರಿಗೆಲ್ಲ ಆಕೆ ಹೇಳುತ್ತ ಬಂದ ಕತೆಯಲ್ಲಿ ಆ ಬಿತ್ತನೆ ಹಡಗಿನಿಂದಿಳಿದ ಮೊದಲ ಪೂರ್ವಜನ ಕೈಯಲ್ಲಿತ್ತು. ಈ ನೆಲದ್ದೇ ಬೆಳೆಯಾದ ಜೋಳ ಹಡಗಿನಲ್ಲಿ ಬಂದಿರಲಾರದೆಂದು ಅವಳು ಎಂದೂ ಯೋಚಿಸಲು ಹೋಗಿರಲಿಲ್ಲ.

ಕೊನೆಗೆ ಕೆಟ್ಯೂರಾ ತನ್ನ ಷರತ್ತನ್ನು ಹೇಳಿದಳು. ಹಿಟ್ಟು ತಾನೇ ತರುವುದು, ಕಾವಲಿಯ ಮುಂದೆ ತಾನೇ ನಿಲ್ಲುವುದು. ಜೋಳ ಯಾರದೆಂದು ಅತಿಥಿಗಳು ಕೇಳಿದರೆ ಆಲ್ಮೈರಾ ತನ್ನ ಬಾಯಿಂದಲೇ, ಎಲ್ಲರಿಗೂ ಕೇಳುವಂತೆ, ಹೇಳಬೇಕು. ಅದು ಮುಗಿದ ಮೇಲೆ ಬಿತ್ತನೆಯ ಜಡೆ ಅವಳದು.

ನೆರೆಯವಳ ಶಕುನ ಕೆಡಲೆಂದು ಮೂಗು ಕೊಯ್ದುಕೊಂಡಂತೆ, ಆಲ್ಮೈರಾ ಒಪ್ಪಿದಳು. ಕೆಟ್ಯೂರಾಳೂ ಕುದಿನೀರಿನವಳೇ. ಕಾವಲಿ ಯಾರ ಕೈಗಾದರೂ ಹೋಗಲಿ, ಹೆಟ್ಟಿಯ ಹಾಲು ಮಾತ್ರ ಅದರ ಮೇಲೆ ಬೀಳಬಾರದು. ಹೊಲದಲ್ಲಿ ಬಿತ್ತನೆಯಿದ್ದರೆ ಮುಂದಿನ ವರ್ಷದ ಕಾವಲಿ ಹೇಗೂ ತನ್ನದೇ ಎಂದು ಅವಳು ದಾರಿಯುದ್ದಕ್ಕೂ ಲೆಕ್ಕ ಹಾಕಿದಳು.

ಮೇ ಒಂದರ ಬೆಳಗ್ಗೆ ಕೆಟ್ಯೂರಾ ಒಗೆದ ಬಿಳಿಯ ಅಡಿಗೆಯ ಮುಂಬಟ್ಟೆ ಕಟ್ಟಿಕೊಂಡು, ಹಿಟ್ಟಿನ ಚೀಲವನ್ನು ಹೆಗಲ ಮೇಲಿಟ್ಟು, ತೆನೆಯ ಜಡೆಯನ್ನು ತೋಳಿಗೆ ಸುತ್ತಿ ರೈತಭವನದ ಅಡಿಗೆಮನೆಯನ್ನು ಹೊಕ್ಕಳು. ಚೀಲವನ್ನು ಒಲೆಯ ಪಕ್ಕದಲ್ಲಿ ಇಳಿಸಿದಳು. ಹಾಲಿನ ಹೂಜಿಯನ್ನು ಮುಂದಿಟ್ಟುಕೊಂಡು ಹೆಟ್ಟಿ ಮೂಲೆಯಲ್ಲಿ ಕಾದಿದ್ದಳು.

ಲೀಡಿಯಾ ನಾರ್ತಪ್ ಕೆಟ್ಯೂರಾಳ ಕಡೆ ತಿರುಗದೆ, ಅವಳ ವಿಷಯವನ್ನು ಉಳಿದವರಿಗೆ ಹೇಳತೊಡಗಿದಳು. ಹಿಟ್ಟು ತಂದದ್ದು ಉಪಕಾರವೇ. ಆಕೆಗೆ ಜಾಗ ಮೆರವಣಿಗೆಯಲ್ಲಿದೆ, ಒಲೆಯ ಮುಂದಲ್ಲ. ಸುಮ್ಮನಿರಲಾರೆನೆಂದರೆ ಪಾತ್ರೆ ತೊಳೆಯುವ ತೊಟ್ಟಿ ಅತ್ತ ಇದೆ. ಆಮೇಲೆ ಆಲ್ಮೈರಾಳಿಗೆ ಹೇಳಿದಳು: "ಹಿಟ್ಟು ಬಂತಲ್ಲ, ನೀವು ನಿಂತ್ಕೊಳ್ಳಿ. ನಿಲ್ಲಲ್ಲ ಅಂದ್ರೆ ಹೆಟ್ಟಿಯವರಿಗೆ ಬಿಡ್ತೀನಿ. ಅತಿಥಿಗಳ ಕಾರು ಬಂದಾಯ್ತು."

ಕಾವಲಿ ಕಾದು ಹೊಗೆಯಾಡುತ್ತಿತ್ತು. ಆಲ್ಮೈರಾ ಕೆಟ್ಯೂರಾಳನ್ನು ನೋಡಿದಳು. ಕೆಟ್ಯೂರಾ ಬೇಡಿಕೊಳ್ಳಲಿಲ್ಲ, ನೆನಪಿಸಲೂ ಇಲ್ಲ, ಕೈ ಕಟ್ಟಿ ನಿಂತಿದ್ದಳು. ಆಡಬೇಕಾಗಿದ್ದ ಮಾತು ಆಲ್ಮೈರಾಳ ನಾಲಿಗೆಯ ತುದಿಯಲ್ಲೇ ಇತ್ತು. ಅಷ್ಟರಲ್ಲಿ ಹೆಟ್ಟಿ ಹೂಜಿಯನ್ನೆತ್ತಿಕೊಂಡು ಮೂಲೆಯಿಂದ ಒಂದು ಹೆಜ್ಜೆ ಮುಂದೆ ಬಂದಳು.

ಆ ಒಂದು ಹೆಜ್ಜೆ ಸಾಕಾಯಿತು. ಆಲ್ಮೈರಾ ಸೌಟನ್ನು ಕೈಗೆತ್ತಿಕೊಂಡಳು.

"ನಿಮ್ಮನೆಯೋರು ಯಾವತ್ತು ಬಿಟ್ಟುಕೊಟ್ಟಿದ್ದರು?" ಎಂದು ಹೆಟ್ಟಿ ನಕ್ಕಳು.

ಕೆಟ್ಯೂರಾ ಹಿಟ್ಟಿನ ಚೀಲವನ್ನು ಮುಟ್ಟಲಿಲ್ಲ. "ಹಿಟ್ಟು ಇಟ್ಕೋ. ಉಪವಾಸ ಇರೋರಿಗೆ ನಮ್ಮೋರು ಮುನ್ನೂರು ವರ್ಷದಿಂದ ಕೊಡ್ತಾನೇ ಬಂದಿದ್ದಾರೆ," ಎಂದಳು. ತೆನೆಯ ಜಡೆಯನ್ನು ತೋಳಿಗೆ ಇನ್ನೊಂದು ಸುತ್ತು ಸುತ್ತಿಕೊಂಡು ಬಂದ ಬಾಗಿಲಿನಿಂದಲೇ ಹೊರಟುಹೋದಳು.

ಆ ದಿನದ ಜಾನಿಕೇಕುಗಳನ್ನು ಊರು ಬಹುಕಾಲ ಹೊಗಳಿತು. ಹಿಟ್ಟು ಕುದಿನೀರನ್ನು ಕುಡಿದು ಮಲ್ಲಿಗೆಯಂತೆ ಅರಳಿತ್ತು. ಮೇಲ್ಮೈ ಗರಿ, ಒಡಲು ಮೃದು. ಅಂಥ ಹಿಟ್ಟು ತನ್ನ ಕೈಗೆ ಎಂದೂ ಸಿಕ್ಕಿರಲಿಲ್ಲವೆಂಬುದನ್ನು ಆಲ್ಮೈರಾ ಮೊದಲನೆಯದನ್ನು ಮಗುಚಿದಾಗಲೇ ಅರಿತಳು. ಇಷ್ಟು ಸೊಗಸಾದ ಜೋಳ ಯಾರದೆಂದು ಪ್ರಾವಿಡೆನ್ಸಿನ ಹೆಂಗಸೊಬ್ಬಳು ಕೇಳಿದಳು. "ನಮ್ಮನೇದು. ನಮ್ಮಪ್ಪನ ಹೊಲದ್ದು," ಎಂದಳು ಆಲ್ಮೈರಾ. ತಟ್ಟೆ ಹೊತ್ತು ಹಿಂದೆಯೇ ನಿಂತಿದ್ದ ಹೆಟ್ಟಿ ಅದನ್ನು ಕೇಳಿಸಿಕೊಂಡಳು. ಹೆಟ್ಟಿ ಕೇಳಿಸಿಕೊಂಡದ್ದು ಭಾನುವಾರದ ಪ್ರಾರ್ಥನೆ ಮುಗಿಯುವುದರೊಳಗೆ ಊರಿಗೆಲ್ಲ ತಲುಪಿತು.

ಓಕ್ ಮರದ ಚಿಗುರು ಇಲಿಯ ಕಿವಿಯಷ್ಟಾದಾಗ ಜೋಳ ಬಿತ್ತಬೇಕೆಂಬುದು ಅಲ್ಲಿಯ ಕಟ್ಟಳೆ. ಚಿಗುರು ಅಷ್ಟಾಯಿತು. ಹೊಲ ಉತ್ತು ಹದವಾಗಿ ಬಿದ್ದಿತ್ತು. ಆಲ್ಮೈರಾ ಕಾಡಿನಂಚಿನ ಕಲ್ಲಿನ ಮನೆಗೆ ಮತ್ತೆ ಹೋದಳು. ಕೆಟ್ಯೂರಾ ಅಂಗಳದಾಚೆ ಮಣ್ಣಿನ ಗುಪ್ಪೆಗಳನ್ನೆತ್ತಿ ಕಾಳು ಊರುತ್ತಿದ್ದಳು. ಬಂದವಳನ್ನು ಕಂಡೂ ಬಾಗಿದ ಬೆನ್ನೆತ್ತಲಿಲ್ಲ. ಆಲ್ಮೈರಾ ಕಲ್ಲುಗೋಡೆಯ ಈಚೆಯೇ ನಿಂತು, ತಪ್ಪಾಯಿತೆಂಬ ಮಾತನ್ನು ಬಿಟ್ಟು ಉಳಿದೆಲ್ಲವನ್ನೂ ಹೇಳಿದಳು. ಅಂದಿನ ಗಡಿಬಿಡಿ, ಲೀಡಿಯಾಳ ಒತ್ತಾಯ, ಹೆಟ್ಟಿಯ ಹಟ. ಒಂದೇ ಒಂದು ತೆನೆಯಾದರೂ ಸಾಕೆಂದಳು.

ಕೆಟ್ಯೂರಾ ಆ ಗುಪ್ಪೆಯನ್ನು ಮುಚ್ಚಿ, ಮುಂದಿನದಕ್ಕೆ ಸರಿದು ಹೇಳಿದಳು: "ನಿಮ್ಮನೇದು ಅಂದ್ಯಂತಲ್ಲ. ಮನೇಲಿ ಹುಡುಕು."

ಆಲ್ಮೈರಾ ಬಂದ ದಾರಿಯಲ್ಲೇ ಹಿಂತಿರುಗಿದಳು.

ಮನೆಗೆ ಬಂದಾಗ ಅಡಿಗೆಮನೆಯ ಮೇಜಿನ ಮೇಲೆ, ಆಲ್ಮೈರಾ ಕುಳಿತುಣ್ಣುವ ಜಾಗದಲ್ಲಿ, ಬಿಳಿಯ ತೆನೆಗಳ ಚಿಕ್ಕ ರಾಶಿಯಿತ್ತು. ಎಂಟೇ ಸಾಲು, ಒಂದು ಕಾಳೂ ಹಳದಿಯಿಲ್ಲ.

"ನನ್ನ ತಮ್ಮ ಕಳಿಸಿದ್ದು," ಎಂದಳು ಹೆಟ್ಟಿ ಹೊಲಿಗೆಯಿಂದ ಕಣ್ಣೆತ್ತದೆ. "ಬಿತ್ತು. ಕೇಳಿದೋರಿಗೆ ನಿಮ್ಮಪ್ಪಂದೇ ಅಂತ ಹೇಳು, ನಾನು ಬೇಡ ಅನ್ನಲ್ಲ. ನಾನು ಬದುಕಿರೋವರೆಗೂ ಅದನ್ನ ಕೇಳ್ತಾ ಕೂತಿರ್ತೀನಿ."

ಆಲ್ಮೈರಾ ತೆನೆಗಳನ್ನು ಮುಂಬಟ್ಟೆಯ ಮಡಿಲಿಗೆ ತುಂಬಿಕೊಂಡು ಹಿತ್ತಲಿಗೆ ನಡೆದಳು. ಒಂದೊಂದೇ ತೆನೆಯನ್ನು ಅಂಗೈಯಲ್ಲಿ ಒತ್ತಿ ಉದುರಿಸಿ ಕೋಳಿಗಳ ಮುಂದೆ ಚೆಲ್ಲಿದಳು. ಗಡುಸು ಕಾಳು ಅಂಗೈಯನ್ನು ತರಚಿತು, ಅವಳು ನಿಲ್ಲಿಸಲಿಲ್ಲ. ಹೆಟ್ಟಿ ಬಾಗಿಲಿಗೆ ಬಂದು ನೋಡುತ್ತ ನಿಂತಳು, ತಡೆಯಲಿಲ್ಲ. ಕೊನೆಯ ಕಾಳು ಕೋಳಿಯ ಕೊಕ್ಕಿಗೆ ಸೇರುವವರೆಗೆ ಇಬ್ಬರೂ ಅಲ್ಲಿಂದ ಕದಲಲಿಲ್ಲ.

ಆ ವರ್ಷ ಬ್ರೇಮನ್ ಹೊಲದಲ್ಲಿ ಹುಲ್ಲು ಬೆಳೆಯಿತು.