ಯಾರೂ ಮುಟ್ಟದ ವಜೂ ಕಟ್ಟೆ

ಹಳೇ ಕೆಂಗೇರಿಯ ಆ ಸಣ್ಣ ಮಸೀದಿಯಲ್ಲಿ, ನಮಾಜಿಗೆ ಮೊದಲು ಕೈಕಾಲು ಮುಖ ತೊಳೆಯುವ ವಜೂ ಕಟ್ಟೆಗೆ ಎಂಟು ನಲ್ಲಿಗಳಿದ್ದವು. ಜನ ಐದನ್ನಷ್ಟೇ ಬಳಸುತ್ತಿದ್ದರು. ಉಳಿದ ಮೂರರ ಮುಂದಿನ ಚಪ್ಪಡಿ ಸಡಿಲವಾಗಿ, ಕಾಲಿಟ್ಟರೆ ಒಂದು ಬದಿಗೆ ವಾಲುತ್ತಿತ್ತು. ಮೇಲೆ ಪಾಚಿ ಬೇರೆ. ಶುಕ್ರವಾರ ಜನ ಹೆಚ್ಚಾದಾಗ ವಯಸ್ಸಾದವರು ಪಕ್ಕದವರ ಭುಜ ಹಿಡಿದು ದಾಟುತ್ತಿದ್ದರು. ಎರಡು ವರ್ಷದಿಂದ ಹೀಗೇ. ಯಾರೂ ಬಾಯಿಬಿಟ್ಟು ಏನೂ ಹೇಳುತ್ತಿರಲಿಲ್ಲ.

ಹೇಳದಿರುವುದಕ್ಕೆ ಕಾರಣವಿತ್ತು. ಮಸೀದಿಯನ್ನೂ ಪಕ್ಕದ ಖಬರಸ್ಥಾನವನ್ನೂ ದೇವರ ಹೆಸರಿಗೆ ವಕ್ಫ್ ಮಾಡಿದ ಹಿರಿಯರು ಪತ್ರದಲ್ಲಿ ಒಂದು ಮಾತು ಬರೆಸಿದ್ದರು: ತಮ್ಮ ವಂಶದಲ್ಲಿ ಯಾರು ಹೆಚ್ಚು ಶ್ರದ್ಧೆಯಿಂದ ನೋಡಿಕೊಳ್ಳುತ್ತಾರೋ ಅವರೇ ಮುತವಲ್ಲಿಯಾಗಿ ಆಡಳಿತ ನಡೆಸಬೇಕು. ಆ ಮಾತನ್ನೇ ಹಿಡಿದು ಇಬ್ಬರು ಮೊಮ್ಮಕ್ಕಳು, ಪ್ರೌಢಶಾಲೆಯ ಮೇಷ್ಟರು ಜಬೀವುಲ್ಲಾ ಮತ್ತು ಅವರ ಚಿಕ್ಕಪ್ಪನ ಮಗ ಇನಾಯತ್, ನಾಲ್ಕು ವರ್ಷದ ಹಿಂದೆ ವಕ್ಫ್ ನ್ಯಾಯಮಂಡಳಿಗೆ ಹೋಗಿದ್ದರು. ತೀರ್ಪಿನವರೆಗೆ ಯಥಾಸ್ಥಿತಿ ಕಾಪಾಡಬೇಕೆಂದು ಆದೇಶವಾಯಿತು. ಅಂದಿನಿಂದ ಒಬ್ಬರ ಕಡೆಯವರು ಪೊರಕೆ ಹಿಡಿದರೂ ಇನ್ನೊಬ್ಬರ ಕಡೆಯವರು ಅಡ್ಡ ನಿಲ್ಲುತ್ತಿದ್ದರು. ಗುಡಿಸಿದವನ ಫೋಟೋ ನಾಳೆ ಅವನ ಶ್ರದ್ಧೆಗೆ ಸಾಕ್ಷಿಯಾಗಿ ಕಡತ ಸೇರಿದರೆ?

ಹೋದ ತಿಂಗಳು ಇನಾಯತ್ ದುಂಡೇಶ ಎಂಬ ಮೇಸ್ತ್ರಿಯನ್ನು ಕರೆತಂದಿದ್ದ. ಜಬೀವುಲ್ಲಾ ಆದೇಶದ ಪ್ರತಿ ತೋರಿಸಿ ವಾಪಸ್ ಕಳಿಸಿದ್ದರು. ಕಲಸಿಟ್ಟ ಸಿಮೆಂಟು ಅಲ್ಲೇ ಗಟ್ಟಿಯಾಯಿತು.

ಮಂಗಳವಾರ ಮಧ್ಯಾಹ್ನ ಆ ಚಪ್ಪಡಿಯ ಮೇಲೆ ಬಾವಾಜಾನ್ ಜಾರಿ ಬಿದ್ದರು. ಮೂವತ್ತು ವರ್ಷದಿಂದ ಆ ಮಸೀದಿಯಲ್ಲಿ ಬಾಂಗ್ ಕೊಟ್ಟು ನಮಾಜಿಗೆ ಕರೆಯುತ್ತಿದ್ದ ಹಿರಿಯರು. ಸೊಂಟದ ಮೂಳೆ ಮುರಿದಿತ್ತು.

ಮರುದಿನ ಬೆಳಿಗ್ಗೆ ವಕೀಲ ಚನ್ನವೀರೇಶ್ ವಿಜಯನಗರದ ತಮ್ಮ ಆಫೀಸಿಗೆ ಜಬೀವುಲ್ಲಾರನ್ನು ಕರೆಸಿದರು.

“ಪಾಪ, ಆಗಬಾರದಿತ್ತು ಮೇಷ್ಟ್ರೇ. ಆದ್ರೆ ನಮಗೆ ಒಳ್ಳೇ ಪಾಯಿಂಟ್ ಸಿಕ್ತು. ನಲ್ಲಿ, ಮೋಟಾರು, ಸ್ಟೋರ್ ಬೀಗ ಎಲ್ಲ ಇನಾಯತ್ ಕೈಲಿದೆ. ಅವರ ನಿರ್ಲಕ್ಷ್ಯದಿಂದಲೇ ಹೀಗಾಯ್ತು ಅಂತ ಅಫಿಡವಿಟ್ ರೆಡಿ ಇದೆ. ಒಂದು ಸೈನ್ ಹಾಕಿ, ನಾಳೆ ಹಿಯರಿಂಗಲ್ಲೇ ಹಾಕ್ತೀನಿ. ಕೇಸು ನಿಮ್ದೇ ಅಂದ್ಕೊಳ್ಳಿ.”

“ಮೇಸ್ತ್ರೀನ ವಾಪಸ್ ಕಳಿಸಿದ್ದು ನಾನಲ್ವಾ ಸಾರ್?”

“ಅದನ್ನ ಅವರು ಹೇಳ್ಲಿ. ನಾವ್ಯಾಕೆ ಹೇಳೋಣ?”

ಜಬೀವುಲ್ಲಾ ಪೆನ್ನು ಕೈಗೆತ್ತಿಕೊಂಡರು. ಇದಕ್ಕಾಗಿಯೇ ನಾಲ್ಕು ವರ್ಷ ರಜೆ ಹಾಕಿ ಅಲೆದದ್ದು. ಕಾಗದದಲ್ಲಿ ಬಾವಾಜಾನ್ ಹೆಸರು ಮೂರು ಕಡೆ ಇತ್ತು. ನಾಲ್ಕನೆಯ ಸಲ ಓದುವಾಗ ಪೆನ್ನಿನ ಮುಚ್ಚಳ ಹಾಕಿದರು. “ನಾಳೆ ಹೇಳ್ತೀನಿ ಸಾರ್” ಎಂದು ಕಾಗದ ಮಡಿಸಿಕೊಂಡು ಹೊರಬಂದರು.

ಕೆಂಗೇರಿ ಉಪನಗರದ ನರ್ಸಿಂಗ್ ಹೋಮಿನಲ್ಲಿ ಬಾವಾಜಾನ್ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದರು. ಬೈದುಬಿಡಲಿ ಎಂದು ಜಬೀವುಲ್ಲಾ ಸ್ಟೂಲಿನ ಮೇಲೆ ಕೂತು ಕಾದರು.

“ಕಣ್ಣು ಮಂಜು ಮೇಷ್ಟ್ರೇ” ಎಂದರು ಬಾವಾಜಾನ್. “ನಾನೇ ನೋಡ್ಕೊಂಡು ಕಾಲಿಡ್ಲಿಲ್ಲ.”

ಮೇಸ್ತ್ರಿ ಸಾಮಾನು ಕಟ್ಟಿಕೊಂಡು ಹೊರಟ ದಿನ ಅವನಿಗಾಗಿ ಚಹಾ ತಂದು ಬಾಗಿಲಲ್ಲಿ ನಿಂತಿದ್ದವರು ಇವರೇ. ಎಲ್ಲ ಕಂಡಿದ್ದರು.

“ಇನಾಯತ್ ಬಂದಿದ್ನಾ?”

“ಬೆಳಿಗ್ಗೆ ಬಂದಿದ್ರು. ನೀವು ಬಂದಿದ್ರಾ ಅಂತ ಕೇಳಿದ್ರು. ಒಬ್ಬರನ್ನೊಬ್ಬರು ವಿಚಾರಿಸೋಕೆ ನನ್ನ ಸೊಂಟ ಮುರೀಬೇಕಾಯ್ತು ನೋಡಿ.” ನಗಲು ಹೋಗಿ ನೋವಿಗೆ ಹಲ್ಲು ಕಚ್ಚಿದರು. “ಬಾಂಗ್ ಯಾರು ಕೊಡ್ತಿದಾರೆ? ನೀವು ಕೊಡೋಕೆ ಹೋಗ್ಬೇಡಿ. ಅದಕ್ಕೂ ಆಕ್ಷೇಪಣೆ ಹಾಕ್ತಾರೆ.”

ಜಬೀವುಲ್ಲಾ ಹೊದಿಕೆಯನ್ನು ಆ ಪಾದಗಳ ಮೇಲೆ ಸರಿಪಡಿಸಿ ಎದ್ದರು.

ಸಂಜೆ ಮಾರೇನಹಳ್ಳಿಯಲ್ಲಿ ಇನಾಯತ್‌ನ ಗ್ರಿಲ್ ವರ್ಕ್‌ಶಾಪಿನ ಮುಂದೆ ಜಬೀವುಲ್ಲಾ ಹೋಗಿ ನಿಂತರು. ಇನಾಯತ್ ವೆಲ್ಡಿಂಗ್ ಕನ್ನಡಕ ಮೇಲೆತ್ತಿ ನೋಡಿದ.

“ಏನು ಭಾಯ್, ಇಲ್ಲೂ ಆರ್ಡರ್ ಕಾಪಿ ತಂದಿದೀರಾ?”

“ಆರ್ಡರ್ ಅಲ್ಲ, ಅಫಿಡವಿಟ್. ಓದು.”

ಇನಾಯತ್ ನಿಂತೇ ಓದಿದ. ಕಿವಿ ಕೆಂಪಾಯಿತು. ಕೊನೆಯ ಹಾಳೆಗೆ ಬಂದಾಗ ಕೇಳಿದ: “ಸೈನ್ ಹಾಕಿಲ್ಲ?”

“ಮೇಸ್ತ್ರೀನ ಓಡಿಸಿದೋನು ನಾನು ಕಣೋ. ಹೆಂಗೆ ಹಾಕ್ಲಿ?”

ಇನಾಯತ್ ಡ್ರಾಯರ್ ಎಳೆದು ಇನ್ನೊಂದು ಕಾಗದ ಮೇಜಿನ ಮೇಲಿಟ್ಟ. ಅವನ ವಕೀಲರೂ ಒಂದು ಅಫಿಡವಿಟ್ ಬರೆದಿದ್ದರು: ಜಬೀವುಲ್ಲಾ ದುರಸ್ತಿ ತಡೆದದ್ದರಿಂದಲೇ ಬಾವಾಜಾನ್ ಬಿದ್ದರು. ಅದಕ್ಕೂ ಸಹಿಯಿರಲಿಲ್ಲ.

“ಇದು ನಿಜ. ನೀನು ಹಾಕಬಹುದು” ಎಂದರು ಜಬೀವುಲ್ಲಾ.

“ಪೂರ್ತಿ ನಿಜ ಅಲ್ಲ. ಹೋದ ವರ್ಷ ನೀವು ಹೊಸ ಚಪ್ಪಡಿ ತರಿಸಿದ್ರಲ್ಲ, ಟೆಂಪೋನ ಗೇಟಲ್ಲೇ ತಡೆದೋನು ನಾನು. ಅದು ಇದರಲ್ಲಿಲ್ಲ.” ಕೈಗವಸು ಬಿಚ್ಚಿ ಒಂದರ ಮೇಲೊಂದು ಇಟ್ಟ. “ನನಗೇನು ಮುತವಲ್ಲಿ ಆಗೋ ಆಸೆ ಇರಲಿಲ್ಲ ಭಾಯ್. ಅಬ್ಬಾಗೆ ಕೊನೇ ತನಕ ಅದೇ ಕೊರಗು. ದೊಡ್ಡಪ್ಪ ಮಸೀದಿ ವಿಷಯ ಒಂದು ದಿನವೂ ಕರೆದು ಕೇಳಲಿಲ್ಲ ಅಂತ.”

“ನಮ್ಮ ಅಬ್ಬಾಗೆ ಕೇಳೋದು ಬರ್ತಿರಲಿಲ್ಲ.” ಜಬೀವುಲ್ಲಾ ಎರಡೂ ಕಾಗದ ಪಕ್ಕಕ್ಕೆ ಸರಿಸಿದರು. “ನನಗೂ ಬರಲಿಲ್ಲ. ಈಗ ಕೇಳ್ತಿದೀನಿ. ಕಟ್ಟೆ ರಿಪೇರಿಗೆ ಇಬ್ರೂ ಸೇರಿ ಕೋರ್ಟಿಗೆ ಒಂದು ಮೆಮೊ ಹಾಕೋಣವಾ?”

“ಆಮೇಲೆ ನಿಮ್ಮ ವಕೀಲ್ರು ಅದನ್ನೇ ನನ್ನ ಮೇಲೆ ತಿರುಗಿಸಿದ್ರೆ?”

“ಈ ಕೆಲಸ ಯಾರ ಹಕ್ಕಿಗೂ ಸಾಕ್ಷಿ ಅಲ್ಲ ಅಂತ ಅದರಲ್ಲೇ ಬರೆಸೋಣ. ಮೊದಲು ನೀನೇ ಓದಿ ನೋಡು.”

ಇನಾಯತ್ ಒಂದು ಸ್ಟೂಲನ್ನು ಕಾಲಿನಿಂದ ಅವರತ್ತ ತಳ್ಳಿದ. “ಕೂತ್ಕೊಳ್ಳಿ. ನಿಂತ್ಕೊಂಡೇ ಬರೆಸ್ತೀರಾ?”

ಗುರುವಾರ ನ್ಯಾಯಮಂಡಳಿಯಲ್ಲಿ ಅವರ ಸರದಿಗೆ ಮೂರು ಗಂಟೆ ಕಾಯಬೇಕಾಯಿತು. ಜಂಟಿ ಮೆಮೊ ದಾಖಲಾಗಿ ದುರಸ್ತಿಗೆ ಅನುಮತಿ ಸಿಗಲು ಐದು ನಿಮಿಷವೂ ಹಿಡಿಯಲಿಲ್ಲ. “ಗೆಲ್ಲೋ ಕೇಸಲ್ಲಿ ಮೇಷ್ಟ್ರು ಪಾಠ ಮಾಡೋಕೆ ಹೋದ್ರು” ಎಂದು ಚನ್ನವೀರೇಶ್ ಗೊಣಗಿದರು. ಆದರೂ ಆದೇಶದ ಪ್ರತಿಗೆ ತಾವೇ ಅರ್ಜಿ ಕೊಟ್ಟರು.

ಕೆಂಗೇರಿ ಕಡೆಯ ಮೆಟ್ರೊ ಹತ್ತಿದಾಗ ಜಬೀವುಲ್ಲಾರಿಗೆ ಭಯಂಕರ ಹಸಿವಾಗಿತ್ತು. ನ್ಯಾಯಮಂಡಳಿಯಿಂದ ಬರುವ ದಿನ ಅವರಿಗೆ ಹಸಿವಾದದ್ದೇ ನೆನಪಿಲ್ಲ. ಕೇಸು ಹಾಗೇ ಇತ್ತು, ಮುಂದಿನ ದಿನಾಂಕಕ್ಕೆ ಎರಡು ತಿಂಗಳು. ಆ ಎರಡು ತಿಂಗಳು ಈ ಸಲ ಎದೆಯ ಮೇಲೆ ಭಾರವಾಗಿ ಕೂರಲಿಲ್ಲ. ಪಕ್ಕದ ಸೀಟಿನಲ್ಲಿ ಇನಾಯತ್ ದುಂಡೇಶನಿಗೆ ಫೋನು ಹಚ್ಚಿ ಸ್ಪೀಕರಿಗೆ ಹಾಕಿದ.

“ಬೇಡ ಸಾಮಿ” ಎಂದ ದುಂಡೇಶ. “ಕಲಸಿದ ಮಾಲೆಲ್ಲ ದಂಡ ಆಯ್ತು ಅವತ್ತು. ಮೇಷ್ಟ್ರು ಮತ್ತೆ ಪೇಪರ್ ಹಿಡ್ಕೊಂಡು ಬರ್ತಾರೆ.”

ಇನಾಯತ್ ಫೋನನ್ನು ಜಬೀವುಲ್ಲಾರ ಕೈಗಿಟ್ಟ.

“ನಾನೇ ಮೇಷ್ಟ್ರು ಮಾತಾಡ್ತಿರೋದು. ನಾಳೆ ಬೆಳಿಗ್ಗೆ ಬಾಪ್ಪಾ.”

ದುಂಡೇಶ ಷರತ್ತು ಹಾಕಿದ: “ಇಬ್ರೂ ಅಲ್ಲೇ ನಿಂತಿರ್ಬೇಕು. ಒಬ್ರೇ ಇದ್ರೆ ಗಾಡಿ ತಿರುಗಿಸ್ಕೊಂಡು ಹೋಗ್ತೀನಿ.”

ಜಬೀವುಲ್ಲಾ ಇನಾಯತ್‌ನ ಮುಖ ನೋಡಿದರು. ಅವನು ಆಗಲೇ ತಲೆಯಾಡಿಸುತ್ತಿದ್ದ.

“ಇರ್ತೀವಿ” ಎಂದರು.