ಹದಿನಾಲ್ಕು ಸಭೆ, ಒಂದು ಭಾನುವಾರ

"ಇದೇನು ಸ್ವಾಮಿ, ನಿಮ್ಮ ಒಂದೊಂದು ಸಹಿ ಕೆಳಗೂ ಒಂದೊಂದು ಅಂಕಿ? ಹದಿನೈದು-ಏಳು ಅಂದ್ರೆ ಏನು?"

ವಕೀಲರು ಕನ್ನಡಕವನ್ನು ಹಣೆಗೇರಿಸಿ ಕಂಪನಿಯ ಸಭೆಗಳ ನಡಾವಳಿ ಪುಸ್ತಕದ ಜೆರಾಕ್ಸನ್ನು ಮುಂದೆ ತಳ್ಳಿದರು. ನಿವೃತ್ತ ಸ್ಟೇಷನ್ ಮಾಸ್ತರರು ಅದರ ಕಡೆ ನೋಡಲೂ ಇಲ್ಲ.

"ಮೂರು ಗಂಟೆ ಏಳು ನಿಮಿಷ. ಸಹಿ ಹಾಕಿದ ಹೊತ್ತು."

"ಹೊತ್ತು ಯಾರು ಕೇಳಿದ್ರು ನಿಮ್ಮನ್ನ?"

"ಮೂವತ್ತನಾಲ್ಕು ವರ್ಷ ಹೊತ್ತು ಬರೆಯದೆ ಒಂದು ಗೂಡ್ಸ್ ಗಾಡೀನೂ ಬಿಟ್ಟವನಲ್ಲ ನಾನು. ಕೈ ಕೇಳಬೇಕಲ್ಲ."

ಪಕ್ಕದ ಕುರ್ಚಿಯಲ್ಲಿ ಭಾವ ಹಲ್ಲು ಕಡಿದರು. ಮಾಸ್ತರರ ಅಕ್ಕನ ಗಂಡನಾದ ಅವರು ಕಂಪನಿಯ ಮೊದಲ ಡೈರೆಕ್ಟರು. ಕಾನೂನಿಗೆ ಇನ್ನೊಬ್ಬರು ಬೇಕಿತ್ತು. ಪೆನ್ಷನ್ ತಗೊಂಡು ಸುಮ್ಮನೆ ಕೂತ ನಮ್ಮವನೇ ಒಬ್ಬ ಇದ್ದಾನಲ್ಲ ಎಂದು ಮಾಸ್ತರರ ಹೆಸರು ಸೇರಿಸಿದ್ದರು. ಮನೆ ಕಟ್ಟಿಕೊಡುತ್ತೇವೆಂದು ಮುನ್ನೂರು ಜನರಿಂದ ಮುಂಗಡ ಪಡೆದ ಕಂಪನಿ ಇದುವರೆಗೆ ಕಟ್ಟಿದ್ದು ಒಂದು ಕಾಂಪೌಂಡು, ಒಂದು ಕಮಾನು. ಈಗ ವಂಚನೆಯ ಕೇಸು. ನಿನ್ನೆ ಪೊಲೀಸರು ಇಬ್ಬರ ಮನೆಗೂ ಬಂದುಹೋಗಿದ್ದರು. ಇವತ್ತು ಎರಡು ಗಂಟೆಯೊಳಗೆ ನಿರೀಕ್ಷಣಾ ಜಾಮೀನಿನ ಅರ್ಜಿ ಕೋರ್ಟಿಗೆ ಹೋಗದಿದ್ದರೆ ಸಂಜೆಗೆ ಇಬ್ಬರೂ ಲಾಕಪ್ಪಿನಲ್ಲಿ.

"ಅರ್ಜಿಯಲ್ಲಿರೋದು ಇಷ್ಟೇ," ಎಂದರು ವಕೀಲರು. "ಮೂರು ವರ್ಷದಲ್ಲಿ ಹದಿನಾಲ್ಕು ಸಭೆ ನಡೆದಿವೆ, ಇಬ್ಬರೂ ಹಾಜರಿದ್ದು ಪ್ರತಿಯೊಂದು ಖರ್ಚನ್ನೂ ಚರ್ಚಿಸಿ ಒಪ್ಪಿದ್ದೀರಿ. ಹೌದು ಅಂತ ಪ್ರಮಾಣಪತ್ರಕ್ಕೆ ಒಂದು ಸಹಿ ಹಾಕಿ. ಹೊತ್ತು ಗಿತ್ತು ಬೇಡ."

"ಸಭೆ ಎಲ್ಲಿ ನಡೀತು ಸಾರ್? ಒಂದು ಭಾನುವಾರ ಅಕ್ಕನ ಮನೇಲಿ ಊಟ ಆದ್ಮೇಲೆ ಹದಿನಾಲ್ಕೂ ಪುಟ ಒಟ್ಟಿಗೆ ಮುಂದಿಟ್ರು. ಕೊನೇದು ನೋಡಿ, ಹದಿನೈದು-ಇಪ್ಪತ್ತು."

"ಅದು ಸಭೆ ಮುಗಿದ ಹೊತ್ತು ಅಂದುಬಿಡಿ."

"ಮೂರು ವರ್ಷ, ಪ್ರತಿ ಸಭೆಯೂ ಹಿಂದಿನದಕ್ಕಿಂತ ಸರಿಯಾಗಿ ಒಂದು ನಿಮಿಷ ತಡವಾಗಿ ಮುಗೀತಾ? ನಮ್ಮ ಪ್ಯಾಸೆಂಜರ್ ಗಾಡಿಗೂ ತಡ ಆಗೋದ್ರಲ್ಲಿ ಅಷ್ಟು ಶಿಸ್ತಿರಲಿಲ್ಲ."

ಮೂಲೆಯಲ್ಲಿದ್ದ ಟೈಪಿಸ್ಟ್ ನಗು ತಡೆಯಲಾರದೆ ಕೆಮ್ಮಿದಳು.

"ತಮಾಷೆ ಮಾಡೋ ಹೊತ್ತೇನೋ ಇದು?" ಭಾವ ಮಾಸ್ತರರ ಮೇಲೆ ಸಿಡಿದರು. "ಅವತ್ತು ಹಾಕಿದವನಿಗೆ ಇವತ್ತು ಹಾಕೋಕೇನು ರೋಗ?"

"ಅವತ್ತು ಓದದೆ ಹಾಕಿದೆ ಭಾವ, ತಪ್ಪು ನಂದೇ. ಇವತ್ತು ಓದಿಬಿಟ್ಟಿದ್ದೀನಲ್ಲ. ಖರ್ಚೆಲ್ಲ ಚರ್ಚೆ ಮಾಡಿದೆ ಅಂತ ಬರೆದುಕೊಟ್ರೆ ನಾನೂ ಪಾಲುದಾರನೇ ಆದೆ."

ಸಭೆ ನಡೆದೇ ಇಲ್ಲ ಎಂದು ಬೆಳಿಗ್ಗೆಯಿಂದ ಅವರು ನಾಲ್ಕು ಸಲ ಹೇಳಿದ್ದರು. ನಾಲ್ಕು ಸಲವೂ ವಕೀಲರು ತಲೆಯಾಡಿಸಿ ಕೇಳಿ, ಆಮೇಲೆ ಸಹಿಯ ಜಾಗದ ಮೇಲೆ ಬೆರಳಿಟ್ಟಿದ್ದರು. ಗೋಡೆಗೆ ಹೇಳಿದ್ದರೆ ಒಂದಿಷ್ಟು ಸುಣ್ಣವಾದರೂ ಉದುರುತ್ತಿತ್ತು.

"ಇದ್ದದ್ದು ಇದ್ದ ಹಾಗೆ ಬರೆದ್ರೆ ನನಗೆ ಜಾಮೀನು ಸಿಗಲ್ವಾ?"

ವಕೀಲರು ಮೊದಲು ಭಾವನ ಮುಖ ನೋಡಿದರು. ಫೀಸು ಅಲ್ಲಿಂದ ಬರುತ್ತಿತ್ತು. "ನಿಮಗೆ ಸಿಗಬಹುದು. ಇವರದು ಅಲ್ಲೇ ಬಿದ್ದುಹೋಗುತ್ತೆ. ಇಬ್ಬರಿಗೂ ನಾನೇ ವಕೀಲ, ಹಾಗೆ ಬರೆಯೋಕಾಗಲ್ಲ."

ಬಾಗಿಲ ಬಳಿ ಬೆಳಿಗ್ಗೆಯಿಂದ ಕೂತಿದ್ದ ಅಕ್ಕ ಬಾಯಿಬಿಟ್ಟಳು. "ಅಮ್ಮ ಹೋದಾಗ ನಿನಗೆ ಒಂಬತ್ತು ವರ್ಷ. ಸಾಕಿದ್ದು ಯಾರೋ?"

"ನೀನೇ ಅಕ್ಕ."

"ಅನ್ನ ಹಾಕಿದ್ದು ಇವರು. ನಿನ್ನ ಕೆಲಸಕ್ಕೆ ಅರ್ಜಿ ಬರೆದುಕೊಟ್ಟಿದ್ದೂ ಇವರೇ."

ಅದು ಸುಳ್ಳಾಗಿದ್ದರೆ ಉತ್ತರ ಕೊಡುವುದು ಸುಲಭವಿತ್ತು. ಮಾಸ್ತರರು ಪೆನ್ನಿನ ಕ್ಯಾಪು ಹಾಕಿ ಎದ್ದರು. "ಹೌದಕ್ಕ. ಇವರು ತಿಂಗಳುಗಟ್ಟಲೆ ಒಳಗಿದ್ರೆ ಇವರ ಊಟ ನಾನು ಹೊತ್ತು ತರ್ತೀನಿ. ಇದಕ್ಕೆ ಸಹಿ ಮಾತ್ರ ಆಗಲ್ಲ."

"ಹಾಳಾಗಿ ಹೋಗು!" ಎಂದರು ಭಾವ.

ಹೊರಗೆ ಉದ್ದದ ಹಜಾರ, ಸಾಲು ವಕೀಲರ ಕೋಣೆಗಳು. ತನಗೆ ಬೇರೆ ವಕೀಲರನ್ನು ಹುಡುಕಿ ಹೊರಟ ಮಾಸ್ತರರಿಗೆ ಮೊದಲ ಎರಡಕ್ಕೆ ಬೀಗ ಕಂಡಿತು. ಮೂರನೆಯದರಲ್ಲಿ ಗುಮಾಸ್ತ, "ಮೇಡಂ ಕೋರ್ಟಿಂದ ಬರ್ಬೇಕು, ಕಾಯ್ತೀರಾದ್ರೆ ಕಾಯಿರಿ," ಎಂದ. ಗಡಿಯಾರ ಆಗಲೇ ಒಂದು ಗಂಟೆ ದಾಟಿತ್ತು. ಮಾಸ್ತರರು ಗೋಡೆಗೆ ಒರಗಿಸಿದ್ದ ಬೆಂಚಿನಲ್ಲಿ ಕೂತರು.

ಸ್ವಲ್ಪ ಹೊತ್ತಿಗೆ ಅಕ್ಕನೂ ಹೊರಗೆ ಬಂದಳು. ಹಜಾರದ ಆ ಕಡೆ ನೋಡಿದಳು, ಈ ಕಡೆ ನೋಡಿದಳು, ಆಮೇಲೆ ಅದೇ ಬೆಂಚಿನಲ್ಲಿ ಒಂದಾಳಿನ ಜಾಗ ಬಿಟ್ಟು ಕೂತಳು.

ಫೈಲನ್ನು ಎದೆಗವಚಿಕೊಂಡ ಹೆಂಗಸೊಬ್ಬಳು ಬಂದು, "ಸ್ವಲ್ಪ ಜರುಗ್ತೀರಾ?" ಎಂದಳು.

ಇಬ್ಬರೂ ಒಟ್ಟಿಗೆ ಜರುಗಿದರು, ಒಬ್ಬೊಬ್ಬರು ಒಂದೊಂದು ತುದಿಗೆ. ನಡುವೆ ಮೂವರು ಕೂರುವಷ್ಟು ಜಾಗವಾಯಿತು.